ಎರಡು ಹಾಳೆಗಳ ನಡುವಿನ ಊರು

ಹಲ್ಲು ಕೀಳಿಸಲು ಹೋಗುವವನು ಇಸ್ತ್ರಿ ಮಾಡಿದ ಅಂಗಿ ತೊಡುವುದಿಲ್ಲ ಎಂಬುದು ಅವನಿಗೆ ಹೊಳೆದದ್ದು ಕೊನೆಯ ಗುಂಡಿ ಹಾಕಿಕೊಂಡ ಮೇಲೆ. ಅಷ್ಟರಲ್ಲಿ ಹೆಂಡತಿ ಕೋಣೆಯ ಬಾಗಿಲಿಗೆ ಬಂದು ನಿಂತಿದ್ದಳು. "ಏನ್ರೀ, ಹಲ್ಲು ಕೀಳ್ಸೋಕೆ ಹೊರಟಿದೀರೋ, ಫೋಟೋ ತೆಗೆಸ್ಕೊಳ್ಳೋಕೋ?" ಅವನು ನಕ್ಕ. ನಗುವಾಗ ಎಡಗೈ ತಾನಾಗಿಯೇ ಎದೆಯ ಜೇಬಿನ ಮೇಲೆ ಹೋಯಿತು. ಹೋದದ್ದು ಗೊತ್ತಾಗಿ ಕೈಯನ್ನು ಕೆನ್ನೆಗೆ ಒಯ್ದು, ನೋವಿದ್ದವನಂತೆ ಒತ್ತಿಕೊಂಡ. ಯಾವ ಕೆನ್ನೆಯೆಂದು ಬೆಳಿಗ್ಗೆ ಹೇಳಿದ್ದನೋ ನೆನಪಾಗಲಿಲ್ಲ. ಅಡುಗೆಮನೆಯ ರೇಡಿಯೋ, ವಿಚಾರಣಾ ಆಯೋಗದ ಬಹಿರಂಗ ಕಲಾಪ ಇಂದಿಗೆ ಮುಗಿಯುವುದೆಂದೂ, ಹೊಸ ದಾಖಲೆಗಳನ್ನು ಸಂಜೆ ನಾಲ್ಕರವರೆಗೆ ಮಾತ್ರ ಸ್ವೀಕರಿಸಲಾಗುವುದೆಂದೂ ಬೆಳಗಿನಿಂದ ಮೂರನೆಯ ಸಲ ಹೇಳುತ್ತಿತ್ತು. ಗಡಿಯಾರದಲ್ಲಿ ಎರಡೂವರೆ. ಹೆಂಡತಿ ಅವನ ಕಾಲರನ್ನು ಸರಿಪಡಿಸಿದಳು. "ಕಿತ್ತ ಮೇಲೆ ಎರಡು ಗಂಟೆ ಮಾತಾಡ್ಬಾರದು ಅಂತಾರೆ. ನಿಮಗೇನು ಕಷ್ಟ ಬಿಡಿ, ಒಂಬತ್ತು ವರ್ಷದಿಂದ ಅಭ್ಯಾಸ ಆಗಿದೆಯಲ್ಲ." ಅವಳು ತಮಾಷೆಗೆ ಅಂದಳೋ, ತಿಳಿದೇ ಅಂದಳೋ ಎಂದು ಬಸ್ಸು ಹತ್ತುವವರೆಗೂ ಅವನು ಆ ಮಾತನ್ನು ತಿರುವಿ ಹಾಕುತ್ತಿದ್ದ.

ಒಂಬತ್ತು ವರ್ಷ ಎಂದು ಅವಳು ಎಲ್ಲಿಂದ ಎಣಿಸಿದಳು? ಯುದ್ಧ ಮುಗಿದಾಗಿನಿಂದಲೋ, ಅವನು ನಕ್ಷೆ ಕಚೇರಿಯ ಕೆಲಸ ಬಿಟ್ಟು ಬಂದು ಶಾಲೆಯ ಮಕ್ಕಳಿಗೆ ಚಿತ್ರ ಬಿಡಿಸಲು ಕಲಿಸತೊಡಗಿದಾಗಿನಿಂದಲೋ? ಬಸ್ಸಿನಲ್ಲಿ ಕಿಟಕಿಯ ಪಕ್ಕ ಜಾಗ ಸಿಕ್ಕಿತು. ಜೇಬಿನಲ್ಲಿದ್ದ ಚೀಟಿ ಬೆವರಿಗೆ ಒದ್ದೆಯಾಗದಿರಲೆಂದು ಅದಕ್ಕೆ ನಕ್ಷೆ ತೆಗೆಯುವ ಮೇಣಕಾಗದವನ್ನು ಎರಡು ಸುತ್ತು ಸುತ್ತಿದ್ದ; ಪ್ರತಿ ಉಸಿರಿಗೂ ಅದು ಸಣ್ಣಗೆ ಕರಕರ ಎನ್ನುತ್ತಿತ್ತು, ಪಕ್ಕದಲ್ಲಿ ಕೂತವನಿಗೆ ಕೇಳಿಸುತ್ತಿರಬೇಕು ಎನಿಸಿ ಉಸಿರನ್ನೇ ಚಿಕ್ಕದು ಮಾಡಿಕೊಂಡ. ಕಚೇರಿಯಲ್ಲಿ ಅಂಥ ಚೀಟಿಗೆ ತಿದ್ದೋಲೆ ಎನ್ನುತ್ತಿದ್ದರು. ಅಚ್ಚಾಗಿ ಹೋದ ನಕ್ಷೆಯಲ್ಲಿ ತಪ್ಪು ಕಂಡರೆ ಅದನ್ನು ಬರೆದವನೇ ತನ್ನ ಕೈಯಾರೆ ತಿದ್ದೋಲೆ ಬರೆಯಬೇಕು: ತಪ್ಪು ಕಂಡ ದಿನ ಮತ್ತು ಗಂಟೆ, ಕಳಿಸಿದ ದಿನ ಮತ್ತು ಗಂಟೆ, ನಕ್ಷೆ ಬಳಸುತ್ತಿರುವವರು ಅದನ್ನು ಸ್ವೀಕರಿಸಿದ ದಿನ ಮತ್ತು ಗಂಟೆ. ಮೂರು ಚೌಕಗಳು, ಮೂರು ಪ್ರತಿಗಳು. ಕಚೇರಿಯ ಪ್ರತಿ ಯುದ್ಧದ ಕೊನೆಯ ವಾರದಲ್ಲಿ ಕಚೇರಿಯೊಂದಿಗೇ ಸುಟ್ಟುಹೋಗಿತ್ತು. ಸೇನೆಗೆ ಹೋದ ಪ್ರತಿಯ ಗತಿ ಸೇನೆಗೇ ಗೊತ್ತು. ಮೂರನೆಯದು ಸ್ವೀಕರಿಸಿದವರ ಸಹಿಯೊಂದಿಗೆ ಬರೆದವನಿಗೇ ಮರಳುವಂಥದು, ಅದು ಈಗ ಅವನ ಎದೆಯ ಮೇಲೆ ಕರಕರ ಎನ್ನುತ್ತಿತ್ತು.

ತಪ್ಪು ಎಂಥದೆಂದು ಹೊರಗಿನವರಿಗೆ ವಿವರಿಸಿದರೆ ನಂಬುವುದು ಕಷ್ಟ. ಒಂದು ಸೀಮೆಯ ನಕ್ಷೆ ಹತ್ತಾರು ಹಾಳೆಗಳಾಗಿ ಹಂಚಿಹೋಗುತ್ತದೆ. ಒಬ್ಬೊಬ್ಬ ನಕ್ಷೆಗಾರನಿಗೆ ಒಂದೊಂದು ಹಾಳೆ. ಎರಡು ಹಾಳೆ ಕೂಡುವ ಗೆರೆಯ ಮೇಲೆಯೇ ಏನಾದರೂ ಇದ್ದರೆ, ಅದನ್ನು ಎಡದ ಹಾಳೆಯವನು ಬರೆಯಬೇಕು, ಬಲದವನು ಕೈ ಹಚ್ಚಬಾರದು. ಕಚೇರಿಯ ಗಾದೆಯೇ ಇತ್ತು: 'ಅಂಚು ಎಡದವನದು.' ಆ ಸಲ ಎಡದ ಹಾಳೆ ಅವನದಾಗಿತ್ತು. ಅಂಚಿಗೆ ಮೊದಲೇ ಶಾಯಿ ಹಾಕಿದರೆ ಮೊಣಕೈಗೆ ತಾಗಿ ಕದಡುತ್ತದೆಂದು ಕೊನೆಯ ಒಂದು ಬೆರಳಗಲ ಜಾಗವನ್ನು ಆತ ಯಾವಾಗಲೂ ಕಡೆಗೆ ಉಳಿಸಿಕೊಳ್ಳುತ್ತಿದ್ದ. ಅದು ಅವನ ಕೈಯ ಅಚ್ಚುಕಟ್ಟು, ಎಲ್ಲರೂ ಹೊಗಳುತ್ತಿದ್ದದ್ದು. ಯುದ್ಧದ ಅವಸರದಲ್ಲಿ ಹಾಳೆಯನ್ನು ಮೇಜಿನಿಂದ ಎತ್ತಿಕೊಂಡು ಹೋದರು. ಉಳಿಸಿಕೊಂಡದ್ದು ಉಳಿದೇಬಿಟ್ಟಿತು. ಬಲದವನು ನಿಯಮದಂತೆ ಬಿಟ್ಟಿದ್ದ, ಇವನು ಮರೆತು ಬಿಟ್ಟಿದ್ದ. ನೂರ ಮೂವತ್ತು ಮನೆ, ಒಂದು ಬಾವಿ, ಒಂದು ಶಾಲೆ ಇದ್ದ ಊರು ಎರಡೂ ಹಾಳೆಗಳಲ್ಲಿ ಇಲ್ಲದೆ, ಅಲ್ಲಿ ಬರಿಯ ಕಾಗದದ ಬಣ್ಣವಿತ್ತು. ಅಚ್ಚಾದ ಹಾಳೆಗಳನ್ನು ಗೋಡೆಯ ನಕ್ಷೆಗೆಂದು ಅಂಟಿಸುವಾಗ ಅವನ ಹೆಬ್ಬೆರಳು ಆ ಬಣ್ಣದ ಮೇಲೆ ನಿಂತಿತು. ಸೋಮವಾರ, ಬೆಳಿಗ್ಗೆ ಹತ್ತು ಇಪ್ಪತ್ತು. ಆ ಕ್ಷಣದಲ್ಲಿಯೇ ತಿದ್ದೋಲೆಯ ಮೊದಲ ಚೌಕ ತುಂಬಿಸಿದ್ದ. ಎಷ್ಟೇ ಹೆದರಿದ್ದರೂ ಸುಳ್ಳು ಅಂಕಿ ಬರೆಯುವುದು ಆ ಕೈಗೆ ತಿಳಿದಿರಲಿಲ್ಲ. ಎರಡನೆಯ ಚೌಕದಲ್ಲಿ ಬರೆದದ್ದು: ಬುಧವಾರ, ಸಂಜೆ ಐದು. ಬಸ್ಸು ತಟ್ಟನೆ ನಿಂತಿತು. "ಮುಂದೆ ಹೋಗಲ್ಲ, ಎಲ್ಲ ಇಳೀರಿ," ಎಂದು ಕಂಡಕ್ಟರ್ ಕೂಗಿದ. "ರಸ್ತೆ ತುಂಬಾ ಅವರೇ ಇದಾರೆ."

ಅವರೇ ಇದ್ದರು. ಕೈಬರಹದ ಫಲಕಗಳು, ಬಟ್ಟೆಯ ಪಟ್ಟಿಗಳು. ಎಲ್ಲದರ ಮೇಲೂ ಒಂದೇ ಮಾತು: 'ಊರು ಇತ್ತು.' ಫಿರಂಗಿ ದಳದ ಕರ್ನಲ್ ಮೂರು ದಿನಗಳ ಹಿಂದೆ ಆಯೋಗದ ಮುಂದೆ ನಿಂತು, ಗುರುವಾರ ನಸುಕಿನಲ್ಲಿ ತಾವು ಗುಂಡು ಹಾರಿಸಿದ್ದು ಖಾಲಿ ಬಯಲಿಗೆಂದೂ, ನಕ್ಷೆಯಲ್ಲಿ ಅಲ್ಲಿ ಊರೇ ಇರಲಿಲ್ಲವೆಂದೂ, ಇದೆಯೆಂದು ತಮಗೆ ಯಾರೂ ತಿಳಿಸಲಿಲ್ಲವೆಂದೂ ಹೇಳಿದ್ದ. ಅಂದಿನಿಂದ ರಸ್ತೆಗೆ ಬೇರೆ ಘೋಷಣೆ ಬೇಕಾಗಿರಲಿಲ್ಲ. 'ಊರು ಇತ್ತು' ಎಂದು ಸಾವಿರ ಗಂಟಲುಗಳು ಒಮ್ಮೆಗೇ ಅಂದಾಗ ಮಾತು ಎದುರಿನ ಕಟ್ಟಡಕ್ಕೆ ಬಡಿದು ಹಿಂದಿನಿಂದ ಬಂದು ಅವನ ಕುತ್ತಿಗೆಗೆ ತಾಕುತ್ತಿತ್ತು. ಅಲ್ಲಿದ್ದವರಲ್ಲಿ ಅದನ್ನು ಅವನಷ್ಟು ಖಚಿತವಾಗಿ ಬಲ್ಲವರು ಎಷ್ಟು ಜನ? ಬಾವಿಯಿಂದ ಶಾಲೆಗೆ ಎಷ್ಟು ಹೆಜ್ಜೆಯೆಂದು ಅವನು ಹೇಳಬಲ್ಲ. ಕಾಲಿಟ್ಟು ನೋಡಿದ್ದಲ್ಲ, ಅಳತೆಗಾರರ ಪುಸ್ತಕದಿಂದ. ಗುಂಪಿನಲ್ಲಿ ಯಾರೋ ಹೆಗಲು ತಾಗಿಸಿದರು, ಕ್ಷಮೆ ಕೇಳಿದರು. ಅವನಿಗೆ ಬೇಡವಾಗಿದ್ದದ್ದು ಅದೇ.

ಆಯೋಗದ ಕಟ್ಟಡದ ಎದುರಿನ ಚಹಾ ಅಂಗಡಿಯಲ್ಲಿ ಭೂತಗನ್ನಡಿ ಕೂತಿದ್ದ. ನಕ್ಷೆ ಕಚೇರಿಯ ಹಿರಿಯ ನಕ್ಷೆಗಾರ. ಎಲ್ಲರ ಗೆರೆಗಳನ್ನೂ ಕಣ್ಣಿಗೆ ಮಸೂರ ಹಚ್ಚಿ ನೋಡುತ್ತಿದ್ದವನಿಗೆ ಆ ಹೆಸರನ್ನು ಇಟ್ಟವನು ಇವನೇ. ಕಚೇರಿಯ ಪ್ರತಿ ಎಲ್ಲಾದರೂ ಉಳಿದಿದೆಯೇ ಎಂದು ಮೊನ್ನೆ ಫೋನಿನಲ್ಲಿ ಕೇಳಿದ್ದೇ ತಪ್ಪಾಯಿತು. ಮುದುಕ ಆಗಲೇ ವಾಸನೆ ಹಿಡಿದಿದ್ದ. "ಬಾರಪ್ಪ ಬಾ. ಮೂರು ಚಹಾ ಆಯ್ತು ನಿನ್ನ ದಾರಿ ಕಾದು," ಎಂದು ಬೆಂಚಿನ ಮೇಲೆ ಜಾಗ ಸರಿಸಿದ. ಕೈಗಳಿಗೆ ವಯಸ್ಸಾಗಿತ್ತು, ಕಣ್ಣುಗಳು ಮಾತ್ರ ಹಿಂದಿನವೇ. "ಕೂತ್ಕೋ. ಒಳಗೆ ಹೋದ್ರೆ ಏನಾಗುತ್ತೆ ಅಂತ ಯೋಚ್ನೆ ಮಾಡಿದೀಯಾ?"

"ಅವರ ಕೈಗೆ ಓಲೆ ಮುಟ್ಟಿತ್ತು, ಸರ್. ಬುಧವಾರ ಸಂಜೆ ಐದು ನಲವತ್ತಕ್ಕೆ. ಸಹಿ ಇದೆ. ಗುಂಡು ಹಾರಿದ್ದು ಅದಾಗಿ ಹನ್ನೊಂದು ಗಂಟೆ ಕಳೆದ್ಮೇಲೆ, ಗುರುವಾರ ನಸುಕಿಗೆ."

"ಅದು ಮೂರನೇ ಚೌಕ. ಮೊದಲನೇದು ಎರಡನೇದು ಯಾರು ಓದ್ತಾರೆ? ಅವರ ವಕೀಲ ಓದ್ತಾನೆ. ಆ ಕರ್ನಲ್‌ಗೆ ಈಗ ಏನು ಬೇಕು ಗೊತ್ತಾ? 'ಹೌದು ಸ್ವಾಮಿ, ಊರು ಬಿಟ್ಟವನು ನಾನೇ' ಅನ್ನೋ ಒಬ್ಬ ಮನುಷ್ಯ ಬೇಕು. ಬೆಳ್ಳಿ ತಟ್ಟೇಲಿ ಇಟ್ಟು ನೀನೇ ಕೊಡ್ತೀಯ. ಹೊರಗೆ ಕೂಗ್ತಿದಾರಲ್ಲ, ಇವರ ಬಾಯಿಗೆ ಮಣ್ಣು ಹಾಕ್ದಂಗೆ." ಅವನು ಲೋಟವನ್ನು ಎರಡೂ ಕೈಗಳಲ್ಲಿ ಹಿಡಿದ. "ಸುಮ್ನಿರೋದೂ ಒಂದೊಂದು ಸಲ ಪುಣ್ಯದ ಕೆಲಸಾನೇ ಕಣಯ್ಯ."

ಮಾತು ಎಷ್ಟು ಚೆನ್ನಾಗಿ ಹೆಣೆದಿತ್ತೆಂದರೆ ಅದರಲ್ಲಿ ಮಲಗಿಬಿಡಬಹುದಿತ್ತು. ಒಂಬತ್ತು ವರ್ಷ ಅವನು ತನಗೆ ತಾನೇ ಹೇಳಿಕೊಂಡ ಸಬೂಬುಗಳಲ್ಲಿ ಯಾವುದೂ ಇಷ್ಟು ಗಟ್ಟಿಯಾಗಿರಲಿಲ್ಲ. ಆದರೆ ಇದೇ ಕಂಠ ಆ ದಿನಗಳಲ್ಲಿ 'ಗೋಡೆಗೆ ಹಾಕಿ' ಎನ್ನುತ್ತಿದ್ದದ್ದೂ ಅದರ ಬೆನ್ನಿಗೇ ನೆನಪಾಯಿತು. ಊಟದ ಕೋಣೆಯ ಬಾಗಿಲ ಪಕ್ಕದ ಗೋಡೆ, ತಪ್ಪಿನ ಗೋಡೆ. ಕೆಟ್ಟ ಹಾಳೆಗಳನ್ನು ಅದರ ಮೇಲೆ ಮೊಳೆ ಹೊಡೆದು, ಕೆಳಗೆ ಬರೆದವನ ಹೆಸರು ಹಚ್ಚಿ, ಒಂದು ವಾರ ಬಿಡುತ್ತಿದ್ದರು. ಕೈತೊಳೆಯಲು ಹೋಗುವವರೆಲ್ಲ ನಿಂತು ಓದುತ್ತಿದ್ದರು, ಬಾಯಲ್ಲಿ ಅಗಿಯುತ್ತಲೇ. ಹದಿನೇಳು ವರ್ಷಗಳಲ್ಲಿ ಅವನ ಹೆಸರು ಒಮ್ಮೆಯೂ ಅಲ್ಲಿಗೆ ಏರಿರಲಿಲ್ಲ. ಆ ಬುಧವಾರ ಮೇಲಿನಿಂದ ತಪಾಸಣೆಯವರು ಬರುವವರಿದ್ದರು. ಅವರು ಹೋದ ಮೇಲೆ ಕಳಿಸಿದರಾಯಿತು, ಎರಡು ದಿನಕ್ಕೆ ಊರೇನು ಓಡಿಹೋಗುತ್ತದೆಯೇ ಎಂದುಕೊಂಡು ಓಲೆಯನ್ನು ಮೇಜಿನ ಖಾನೆಗೆ ಹಾಕಿ ಬೀಗ ತಿರುಗಿಸಿದ್ದ. 'ಓಡಿಹೋಗುತ್ತದೆಯೇ' ಎಂದು ಆಗ ನಕ್ಕದ್ದೂ ನೆನಪಿತ್ತು.

"ಸರ್," ಎಂದ, "ಹಾಳೆಯ ಹಿಂದೆ 'ಅಂಚು ಹೊಂದಿಸಿ ನೋಡಿದೆ' ಅಂತ ಸಹಿ ನಿಮ್ಮದು."

ಮುದುಕ ಲೋಟವನ್ನು ಬೆಂಚಿನ ಮೇಲಿಟ್ಟ. "ಅವತ್ತು ನಲವತ್ತು ಹಾಳೆ ಬಂದಿತ್ತು. ನಿನ್ನದು ಅಂತ ನೋಡ್ಲಿಲ್ಲ. ನಿನ್ನದನ್ನ ಏನು ನೋಡೋದು ಅಂತ." ಆಮೇಲೆ, ಬೈದಂತೆ: "ನಂಬಿಕೆ ಇಟ್ಟಿದ್ದೆ ಕಣಯ್ಯ ನಿನ್ನ ಮೇಲೆ." ಮೂರು ಗಂಟೆ ಇಪ್ಪತ್ತು ನಿಮಿಷವಾಗಿತ್ತು. ಅವನು ಎದ್ದಾಗ ಭೂತಗನ್ನಡಿ ತೋಳು ಹಿಡಿಯಲಿಲ್ಲ; ಹಿಡಿದಿದ್ದರೆ ಚೆನ್ನಾಗಿತ್ತೆಂದು ರಸ್ತೆ ದಾಟುವಾಗ ಅನಿಸಿತು.

ಕಟ್ಟಡದ ಮೆಟ್ಟಿಲುಗಳ ಮೇಲೆ ಮಗಳಿದ್ದಳು. ಆಸ್ಪತ್ರೆಯ ಪ್ರಯೋಗಾಲಯದಲ್ಲಿ ಬೆಳಗಿನ ಪಾಳಿ ಮುಗಿಸಿ, ರಕ್ತ ಪರೀಕ್ಷೆಯ ಬಿಳಿ ಕೋಟು ಕಳಚಿ, ಆರು ವಾರಗಳಿಂದ ದಿನವೂ ಇಲ್ಲಿಗೆ ಬಂದು ಸತ್ತವರ ಪಟ್ಟಿ ಓದುವವರಲ್ಲಿ ಅವಳೂ ಒಬ್ಬಳು. ಒಳಗಿನ ಕಲಾಪ ಧ್ವನಿವರ್ಧಕಗಳಲ್ಲಿ ರಸ್ತೆಗೂ ಕೇಳುತ್ತಿತ್ತು. ಒಳಗೆ ಮಾತು ನಿಂತಾಗ ಹೊರಗೆ ಪಟ್ಟಿ ಶುರುವಾಗುತ್ತಿತ್ತು. ಊರಿನ ದಾಖಲೆಗಳೆಲ್ಲ ಊರಿನೊಂದಿಗೆ ಹೋಗಿದ್ದರಿಂದ ಅದರಲ್ಲಿ ಹೆಸರುಗಳಿಗಿಂತ ನಂಟುಗಳೇ ಹೆಚ್ಚು: ಬಡಗಿಯ ಎರಡನೆಯ ಮಗಳು, ಮೂಲೆಮನೆಯ ಕುರುಡಜ್ಜ. ಪಕ್ಕದಲ್ಲಿ, ಮೆಟ್ಟಿಲಿನ ಮೇಲೆ ಮಡಿಸಿದ ಕಂಬಳಿ ಹಾಕಿಕೊಂಡು ಒಬ್ಬ ಮುದುಕಿ ಕೂತಿದ್ದಳು. ಆ ಊರಿನಲ್ಲಿ ಬದುಕುಳಿದ ಒಂಬತ್ತು ಜನರಲ್ಲಿ ಒಬ್ಬಳು. ಪಟ್ಟಿ ಅವಳ ನೆನಪಿನದೇ. ತಪ್ಪು ಓದಿದರೆ ಕಣ್ಣು ಮುಚ್ಚಿಕೊಂಡೇ ತಿದ್ದುತ್ತಿದ್ದಳು. ಮಗಳು ಅವನನ್ನು ನೋಡಿದಳು. ಅವಳ ಮುಖ ಅರಳಿದ್ದನ್ನು ನೋಡಬಾರದಿತ್ತು ಅನಿಸಿತು. "ಅಪ್ಪ! ಅಂತೂ ಬಂದ್ಯಲ್ಲ! ಇವರು ನಮ್ಮಪ್ಪ, ಯುದ್ಧ ಬೇಡ ಅಂತ ಸರ್ಕಾರಿ ಕೆಲಸಾನೇ ಬಿಟ್ಟು ಬಂದೋರು," ಎಂದು ಸುತ್ತಲಿನವರಿಗೆ ಹೇಳಿ, ಅವನು ಬಾಯಿ ತೆರೆಯುವ ಮೊದಲೇ ಪಟ್ಟಿಯನ್ನು ಕೈಗೆ ಕೊಟ್ಟಳು. "ಒಂದು ಹತ್ತು ಜನರದ್ದು ಓದು."

ಅವನು ಓದಿದ. ಶಾಲೆಯ ಮಾಸ್ತರು. ಮಾಸ್ತರ ತಾಯಿ. ಬಾವಿಯ ಬಲಗಡೆ ಮನೆಯ ಅಣ್ಣತಮ್ಮಂದಿರು, ಇಬ್ಬರು. ಓದುತ್ತಿದ್ದಂತೆ ಒಂದೊಂದು ಮನೆಯೂ ಕಾಗದದ ಬಣ್ಣದ ಮೇಲೆ ತನ್ನ ಜಾಗದಲ್ಲಿ ಬಂದು ನಿಂತಿತು, ಅಳತೆಗಾರರ ಪುಸ್ತಕದ ಅಂಕಿಗೆ ಸರಿಯಾಗಿ. ಕೈ ಬೆರಳುಗಳು ಪೆನ್ನು ಹಿಡಿದಂತೆ ಮಡಿಚಿಕೊಂಡವು. "ಬಲಗಡೆ ಅಲ್ಲ, ಎಡಗಡೆ," ಎಂದಳು ಮುದುಕಿ. "ಎಡಗಡೆ," ಎಂದು ತಿದ್ದಿಕೊಂಡ. ಮುಗಿದಾಗ ಜನ ಚಪ್ಪಾಳೆ ತಟ್ಟಿದರು. ಯಾರೋ ಬೆನ್ನು ಸವರಿದರು. ಅವನು ಪಟ್ಟಿಯನ್ನು ಮಗಳ ಕೈಗೆ ಮರಳಿಸಿದ.

ಮಗಳನ್ನು ಕಂಬದ ಹಿಂದಕ್ಕೆ ಕರೆದು ಮೇಣಕಾಗದ ಬಿಚ್ಚಿದ. ಅವಳು ಓಲೆಯನ್ನು ಓದಿದ್ದು ದಿನವೂ ರಕ್ತದ ವರದಿ ಓದುವವಳಂತೆ: ಮೊದಲು ಅಂಕಿಗಳು, ಆಮೇಲೆ ಸಹಿ, ಮತ್ತೆ ಅಂಕಿಗಳು. "ಸೋಮವಾರ. ಬುಧವಾರ," ಎಂದಳು. "ಎರಡು ದಿನ ಎಲ್ಲಿತ್ತು ಇದು?"

"ನನ್ನ ಮೇಜಿನ ಖಾನೇಲಿ."

ಅವಳು ಯಾಕೆಂದು ಕೇಳಲಿಲ್ಲ. ಕೇಳಿದ್ದರೆ ಹೇಳಲು ಒಂದಿಷ್ಟು ಇತ್ತು. ಕೇಳದೆ ಉಳಿದ ಜಾಗವನ್ನು ತುಂಬಲು ಅವನೇ ಮಾತಾಡಿದ, ಬೇಗ ಬೇಗ, ಭೂತಗನ್ನಡಿಯ ಮಾತುಗಳಲ್ಲಿ: ಇದನ್ನು ಕೊಟ್ಟರೆ ಕರ್ನಲ್‌ಗೆ ಅನುಕೂಲವಾಗಬಹುದು, ನಿಮ್ಮ ಹೋರಾಟಕ್ಕೆ ಪೆಟ್ಟು ಬೀಳಬಹುದು, ನೀನು ತಿಳಿದವಳು, ನೀನು ಹೇಳಿದಂತೆ ಮಾಡುತ್ತೇನೆ. ಅವಳು ಓಲೆಯನ್ನು ಇದ್ದ ಮಡಿಕೆಗಳಲ್ಲಿಯೇ ಮಡಿಚಿ ಅವನ ಕೈಗೆ ಕೊಟ್ಟಳು. "ಬೇಡ ಅಂತ ನನ್ನ ಬಾಯಲ್ಲಿ ಅನ್ನಿಸ್ಬೇಕು ಅಂತ ಬಂದ್ಯಾ, ಅಪ್ಪ?" ಕಣ್ಣುಗಳಲ್ಲಿ ನೀರಿರಲಿಲ್ಲ, ಅವನ ಕಿವಿಯ ಪಕ್ಕದ ಎಲ್ಲೋ ಒಂದು ಕಡೆ ನೋಡುತ್ತಿದ್ದಳು. "ಹತ್ತು ನಿಮಿಷ ಇದೆ. ದಾಖಲೆ ತಗೊಳ್ಳೋದು ಎಡಗಡೆ ಎರಡನೇ ಬಾಗಿಲು." ತಿರುಗಿ ಹೋಗಿ ಮುದುಕಿಯ ಪಕ್ಕ ಕೂತು ಪಟ್ಟಿಯಲ್ಲಿ ಎಲ್ಲಿಗೆ ಬಂದಿತ್ತೆಂದು ಬೆರಳಿಟ್ಟು ಹುಡುಕಿದಳು.

ಕೊನೆಯ ದಿನವಾದ್ದರಿಂದ, ಓಲೆ ಕೊಟ್ಟ ಕೂಡಲೇ ಅವನನ್ನು ಸಾಕ್ಷಿಗೆ ಕರೆದರು. ಸಾಕ್ಷಿಯ ಕಟಕಟೆಯಲ್ಲಿ ನಿಂತಾಗ ಅವನಿಗೆ ಮೊದಲು ಕಂಡದ್ದು ಎದುರಿನ ಸಾಲಿನಲ್ಲಿ ಕೂತ ಕರ್ನಲ್‌ನ ಬೂಟುಗಳು, ಬಹಳ ಸಾಮಾನ್ಯವಾದವು, ಒಂದರ ದಾರ ಸಡಿಲಾಗಿತ್ತು. ಸೇನೆಯ ವಕೀಲ ಬಹಳ ಮರ್ಯಾದೆಯ ಮನುಷ್ಯ. ಓಲೆಯನ್ನು ಕಣ್ಣೆದುರು ಹಿಡಿದು, ರೋಗಿಯ ಹತ್ತಿರ ಮಾತಾಡುವ ವೈದ್ಯನ ದನಿಯಲ್ಲಿ ಶುರುಮಾಡಿದ.

"ಎಡದ ಹಾಳೆ ನಿಮ್ಮದು. ಅಂಚು ನಿಮ್ಮದು. ಅಂದ ಮೇಲೆ ಊರನ್ನ ಬಿಟ್ಟವರು ನೀವು."

"ಹೌದು."

"ಸೋಮವಾರ ಗೊತ್ತಾಯ್ತು. ಬುಧವಾರ ಕಳಿಸಿದ್ರಿ. ಎರಡು ದಿನ ಯಾಕೆ ತಡ?"

ಮೂರು ಉತ್ತರಗಳನ್ನು ಸಿದ್ಧಮಾಡಿಕೊಂಡಿದ್ದ: ಮೈಗೆ ಹುಷಾರಿರಲಿಲ್ಲ, ಯುದ್ಧದ ಗಡಿಬಿಡಿಯಲ್ಲಿ ಒಯ್ಯುವವರು ಸಿಗಲಿಲ್ಲ, ನಿಖರವಾಗಿ ಅಳೆದು ನೋಡಬೇಕಿತ್ತು. ಮೂರೂ ಚೆನ್ನಾಗಿದ್ದವು. "ಗೋಡೆಗೆ ಹೆದರಿ," ಎಂದ.

"ಯಾವುದಕ್ಕೆ?"

"ಗೋಡೆಗೆ. ತಪ್ಪು ಮಾಡಿದವರ ಹೆಸರು ಊಟದ ಕೋಣೆ ಹತ್ತಿರ ಗೋಡೆ ಮೇಲೆ ಹಾಕ್ತಿದ್ರು. ಒಂದು ವಾರ." ಹಿಂದಿನ ಸಾಲಿನಲ್ಲಿ ಯಾರೋ ನಕ್ಕರು. ನಗು ಸಾಲಿನಿಂದ ಸಾಲಿಗೆ ದಾಟಿತು. ಕೇಡಿನ ನಗುವಲ್ಲ, ಏನು ಮಾಡಬೇಕೆಂದು ತೋಚದವರ ನಗು. ಅದು ಧ್ವನಿವರ್ಧಕದಲ್ಲಿ ರಸ್ತೆಗೂ ಹೋಯಿತು, ರಸ್ತೆಯಲ್ಲಿ ಯಾರೂ ನಗಲಿಲ್ಲ. ಹೊರಗಿನ ಆ ನಿಶ್ಶಬ್ದ ದಪ್ಪ ಗೋಡೆಗಳನ್ನು ದಾಟಿ ಒಳಗೆ ಬಂದಂತಾಯಿತು. ಅವನು ಕಟಕಟೆಯ ಮರವನ್ನು ಹಿಡಿದುಕೊಂಡ. ವಕೀಲ ತೃಪ್ತಿಯಿಂದ ತಲೆಬಾಗಿ ಕೂತ. ಭೂತಗನ್ನಡಿ ಹೇಳಿದ್ದು ಅಕ್ಷರಶಃ ನಡೆದುಹೋಗಿತ್ತು.

ಆಯೋಗದ ಅಧ್ಯಕ್ಷೆ, ಕನ್ನಡಕವನ್ನು ಹಣೆಗೇರಿಸಿದ ನಿವೃತ್ತ ನ್ಯಾಯಾಧೀಶೆ, ಓಲೆಯನ್ನು ತರಿಸಿಕೊಂಡಳು. "ಇಲ್ಲಿ ಮೂರನೇ ಚೌಕವೂ ಇದೆ. ಬುಧವಾರ ಸಂಜೆ ಐದು ನಲವತ್ತು, ಸ್ವೀಕರಿಸಿದೆ. ಕರ್ನಲ್, ಈ ಸಹಿ ಯಾರದು?" ವಕೀಲ ಎದ್ದ, ಕಾಲಾವಕಾಶ ಕೇಳಿದ. "ಕೂತ್ಕೊಳ್ಳಿ. ನಾಳೆ ಅನ್ನೋದು ಈ ಆಯೋಗಕ್ಕಿಲ್ಲ," ಎಂದಳು.

"ನನ್ನದು," ಎಂದ ಕರ್ನಲ್.

"ಓದಿದ್ರಾ?"

"ಓದಿದ್ದೆ." ಕರ್ನಲ್ ಎದ್ದು ನಿಂತ. "ಆದರೆ ಗುಂಡು ಹಾರಿಸೋ ಆದೇಶಕ್ಕೆ ಸಹಿ ಬಿದ್ದಾಗಿತ್ತು. ಮಂಗಳವಾರ ಮಧ್ಯಾಹ್ನವೇ."

"ಬುಧವಾರ ಹಿಂತೆಗೆದುಕೊಳ್ಳಬಹುದಿತ್ತಲ್ಲ? ಹನ್ನೊಂದು ಗಂಟೆ ಇತ್ತು ನಿಮಗೆ."

ಕರ್ನಲ್ ತಿರುಗಿ ವಕೀಲನತ್ತ ನೋಡಿದ. ಪತ್ರಕರ್ತರು ಬಾಗಿಲಿಗೆ ಓಡಿದರು, ಹೊರಗೆ ಕೂಗು ಎದ್ದಿತು, 'ಊರು ಇತ್ತು' ಎಂಬುದು ಈಗ 'ಗೊತ್ತಿತ್ತು' ಎಂದಾಗಿತ್ತು. ಗೆದ್ದರು ಎಂದು ಅವನಿಗೆ ಅರ್ಥವಾಯಿತು, ಯಾರೋ ಗೆದ್ದದ್ದನ್ನು ಬಸ್ಸಿನ ಕಿಟಕಿಯಿಂದ ನೋಡಿದಂತೆ. ಅವನ ತಲೆಯಲ್ಲಿ ಉಳಿದದ್ದು ಒಂದೇ ಮಾತು. ಮಂಗಳವಾರ ಮಧ್ಯಾಹ್ನ. ಅದು ಅವನಿಗೆ ಈವರೆಗೆ ತಿಳಿದಿರಲಿಲ್ಲ. ಮಂಗಳವಾರ ಮಧ್ಯಾಹ್ನ ಓಲೆ ಖಾನೆಯಲ್ಲಿತ್ತು, ಬೀಗದ ಕೈ ಅವನ ಜೇಬಿನಲ್ಲಿತ್ತು, ಅವನು ಊಟದ ಕೋಣೆಯಲ್ಲಿ ಗೋಡೆಯ ಕಡೆ ಬೆನ್ನು ಹಾಕಿ ಕೂತು, ಬೇರೆ ಯಾರದೋ ಹೆಸರಿನ ಬಗ್ಗೆ ಎಲ್ಲರೊಂದಿಗೆ ನಗುತ್ತಿದ್ದ.

ಹೊರಗೆ ಬಂದಾಗ ಮೆಟ್ಟಿಲುಗಳ ಮೇಲಿನ ಜನ ದಾರಿ ಬಿಟ್ಟರು. ಬೇಕಾದದ್ದಕ್ಕಿಂತ ಸ್ವಲ್ಪ ಹೆಚ್ಚೇ ಅಗಲವಾಗಿ ಬಿಟ್ಟರು. ಬೆನ್ನು ಸವರಿದ್ದವನು ತನ್ನ ಫಲಕವನ್ನು ಒಂದು ಕೈಯಿಂದ ಇನ್ನೊಂದಕ್ಕೆ ಬದಲಿಸಿದ. ಮಗಳು ಪಟ್ಟಿ ಓದುತ್ತಿದ್ದಳು. ಅವನು ಎದುರಿಗೆ ಬಂದಾಗಲೂ ತಲೆ ಎತ್ತಲಿಲ್ಲ, ದನಿಯೂ ಅದುರಲಿಲ್ಲ, ಪುಟ ಹಿಡಿದ ಹೆಬ್ಬೆರಳು ಮಾತ್ರ ಬೆಳ್ಳಗಾಗಿತ್ತು. ಕೊನೆಯ ಮೆಟ್ಟಿಲಿನವರೆಗೆ ಇಳಿದುಬಿಟ್ಟರೆ ರಸ್ತೆ, ಆಮೇಲೆ ಬಸ್ಸು, ಆಮೇಲೆ ಮನೆ. ಹೆಂಡತಿಗೆ ಹೇಳುವುದು ಇನ್ನೂ ಬಾಕಿಯಿತ್ತು.

"ಏನಪ್ಪಾ," ಎಂದಳು ಮುದುಕಿ, "ಸೋಮವಾರ ಅಂದ್ಯಲ್ಲ ಒಳಗೆ. ಎಷ್ಟು ಗಂಟೆಗೆ?"

ಅವನು ನಿಂತ. "ಬೆಳಿಗ್ಗೆ ಹತ್ತು ಇಪ್ಪತ್ತಕ್ಕೆ, ಅಮ್ಮ."

ಮುದುಕಿ ಕಣ್ಣು ಮುಚ್ಚಿ ಬೆರಳು ಮಡಿಸಿದಳು. ತುಟಿಗಳು ಅಲುಗುತ್ತಿದ್ದವು. "ಸೋಮವಾರ, ಮಂಗಳವಾರ, ಬುಧವಾರ," ಎಂದಳು. "ಮೂರು ದಿನ ಇತ್ತು ಹಾಗಾದ್ರೆ ನಮಗೆ."

"ಇತ್ತು."

"ನಾವು ಇನ್ನೂ ಇದೀವಿ ಅಂತ ಆವಾಗ ನಿನಗೊಬ್ಬನಿಗೇ ಗೊತ್ತಿತ್ತು." ಅದು ಪ್ರಶ್ನೆಯಾಗಿರಲಿಲ್ಲ. ಬೈಗುಳ ಬರಬಹುದೆಂದು ಅವನು ಕಾದ, ಬರಲೆಂದೂ ಕಾದ. ಮುದುಕಿ ಎಡಗೈಯಿಂದ ಕಂಬಳಿಯನ್ನು ಸ್ವಲ್ಪ ಎಳೆದು ಮೆಟ್ಟಿಲಿನ ಕಲ್ಲನ್ನು ಖಾಲಿ ಮಾಡಿದಳು. ಕಂಬಳಿಯಲ್ಲಿ ಜಾಗ ಕೊಡಲಿಲ್ಲ. "ಕೂತ್ಕೋ. ಆ ಮೂರು ದಿನದ್ದೂ ಹೇಳ್ತೀನಿ, ಅರ್ಧಕ್ಕೆ ಎದ್ದು ಹೋಗ್ಬಾರದು."

ಅವನು ಕಲ್ಲಿನ ಮೇಲೆ ಕೂತ. ಮಗಳು ಓದುವುದನ್ನು ನಿಲ್ಲಿಸಿದ್ದಳು.

"ಸೋಮವಾರ ಬೆಳಿಗ್ಗೆ," ಎಂದಳು ಮುದುಕಿ, "ಬಾವಿ ಹತ್ರ ನನಗೂ ಬಡಗಿ ಹೆಂಡತಿಗೂ ದೊಡ್ಡ ಜಗಳ ಆಗಿತ್ತು."